ದಿಂಬು ಅಪ್ಪಿಕೊಂಡ ಹಾಸ್ಯಸಾಹಿತಿ

ಬಸವನಗುಡಿಯಾಗಲಿ, ಮೈಸೂರಿನ ಕುವೆಂಪುನಗರವಾಗಲಿ, ಹುಬ್ಬಳ್ಳಿಯ ವಿದ್ಯಾನಗರವಾಗಲಿ, ಇಂಥ ಬಡಾವಣೆಗಳಲ್ಲಿ ಒಬ್ಬ ಹಾಸ್ಯಸಾಹಿತಿ ಇದ್ದೇ ಇರುತ್ತಾರೆ. ಬ್ಯಾಂಕಿನಿಂದಲೋ ಕೆ.ಇ.ಬಿ.ಯಿಂದಲೋ ನಿವೃತ್ತರು. ಗಣೇಶೋತ್ಸವದ ಪೆಂಡಾಲಿಗೆ ಆರ್ಕೆಸ್ಟ್ರಾದವರು ಬರುವುದು ತಡವಾದರೆ ಮೈಕು ಇವರ ಕೈಗೆ ಬರುತ್ತದೆ. ದೀಪಾವಳಿ ವಿಶೇಷಾಂಕದಲ್ಲಿ ಸೀರೆ ಅಂಗಡಿಯ ಜಾಹೀರಾತಿಗೂ ವರ್ಷಭವಿಷ್ಯಕ್ಕೂ ನಡುವೆ ಇವರಿಗೆ ಎರಡು ಪುಟ ಮೀಸಲು. ಹೆಂಡತಿಯ ಉಪ್ಪಿಟ್ಟು, ಭಾವಮೈದುನನ ಸ್ಕೂಟರು, ಬೀಗರ ಗೊರಕೆ ಇಷ್ಟೇ ಬಂಡವಾಳ ಹಾಕಿ ಮೂವತ್ತು ವರ್ಷ ಜನರನ್ನು ನಗಿಸಿದವರು. ಅರವತ್ತು ದಾಟಿದ ಮೇಲೊಂದು ದಿನ ಎದೆ ಹಿಡಿದುಕೊಳ್ಳುತ್ತದೆ; ಆಂಜಿಯೋಗ್ರಾಂ ಆಗುತ್ತದೆ, ಮೂರು ನಾಳಗಳಲ್ಲಿ ತಡೆ ಕಾಣುತ್ತದೆ, ಬೈಪಾಸ್ ಆಗುತ್ತದೆ. ಮನೆಗೆ ಬಂದ ಮೇಲೆ ನೋಡಲು ಬರುವವರ ಸಾಲು. ಪ್ರತಿಯೊಬ್ಬರ ಕೈಯಲ್ಲೂ ದಾಳಿಂಬೆ, ಪ್ರತಿಯೊಬ್ಬರ ಬಾಯಲ್ಲೂ ಎರಡು ಮಾತು. “ಎಲ್ಲರನ್ನೂ ನಗಿಸೋರು ನೀವು, ನಿಮಗೇ ಹೀಗಾಗೋದಾ ಸಾರ್?” ಎಂಬುದು ಮೊದಲನೆಯದು. “ಏನೇ ಹೇಳಿ, ನಿಮ್ಮನ್ನ ಉಳಿಸಿದ್ದು ನಿಮ್ಮ ನಗುವೇ” ಎಂಬುದು ಎರಡನೆಯದು. ನಗು ರೋಗವನ್ನು ತಡೆಯಲಿಲ್ಲವೆಂಬ ದೂರೂ ಅದೇ ನಗು ರೋಗವನ್ನು ವಾಸಿ ಮಾಡಿತೆಂಬ ಪ್ರಶಂಸೆಯೂ ಒಂದೇ ಉಸಿರಿನಲ್ಲಿ ಬರುತ್ತವೆ. ನನ್ನ ಪ್ರಕಾರ ಎರಡೂ ತಪ್ಪು. ಈ ಮನುಷ್ಯನಿಗೆ ಹಾಸ್ಯ ಆಗಿಬಂದದ್ದು ನಿಜ, ಆದರೆ ಹೃದಯದ ವಿಚಾರದಲ್ಲಲ್ಲ. ತೀರಿಸಲಾಗದಷ್ಟು ಉಪಕಾರ ಒಮ್ಮೆಲೇ ತಲೆಯ ಮೇಲೆ ಬಿದ್ದಾಗ ಅದನ್ನು ಮುಖ ಕೆಡದಂತೆ ಹೊರುವುದಕ್ಕೆ ಅವರಿಗಿದ್ದ ದಾರಿ ಅದೊಂದೇ.

ನಗುವೇ ಮದ್ದು ಎಂಬ ಮಾತನ್ನು ಮೊದಲು ವಿಚಾರಿಸಿಕೊಳ್ಳೋಣ. ಬೈಪಾಸ್‌ನಲ್ಲಿ ಎದೆಯ ನಡುವಿನ ಮೂಳೆಯನ್ನು ಉದ್ದಕ್ಕೆ ಸೀಳಿ, ಕೆಲಸ ಮುಗಿದ ಮೇಲೆ ಉಕ್ಕಿನ ತಂತಿಯಿಂದ ಬಿಗಿಯುತ್ತಾರೆ. ಅದು ಕೂಡಿಕೊಳ್ಳಲು ಕಡಿಮೆಯೆಂದರೂ ಆರರಿಂದ ಎಂಟು ವಾರ ಬೇಕು. ಅಲ್ಲಿಯತನಕ ಕೆಮ್ಮು ಬಂದರೆ, ಸೀನು ಬಂದರೆ, ನಗು ಬಂದರೆ ಒಂದು ದಿಂಬನ್ನು ಎದೆಗೆ ಬಲವಾಗಿ ಅಪ್ಪಿಕೊಳ್ಳಬೇಕೆಂದು ಆಸ್ಪತ್ರೆಯಲ್ಲೇ ಹೇಳಿಕೊಟ್ಟು ಕಳಿಸುತ್ತಾರೆ. ಅಂದರೆ ವೈದ್ಯಶಾಸ್ತ್ರ ನಗುವನ್ನು ಸೇರಿಸಿರುವುದು ಔಷಧಗಳ ಪಟ್ಟಿಗಲ್ಲ, ಕೆಮ್ಮು ಸೀನುಗಳ ಪಟ್ಟಿಗೆ. (ನಮ್ಮ ಸಾಹಿತಿಗಳ ಲೇಖನ ಓದುವಾಗ ಯಾರಿಗೂ ದಿಂಬಿನ ಅಗತ್ಯ ಬಿದ್ದಿರಲಿಲ್ಲ ಎಂದು ಗೊಣಗುವ ವಿಮರ್ಶಕರಿದ್ದಾರೆ, ಅದು ಬೇರೆ ವಿಚಾರ.) ನೋಡಲು ಬಂದವರಲ್ಲಿ ಓದಿಕೊಂಡವರೊಬ್ಬರು ನಾರ್ಮನ್ ಕಸಿನ್ಸ್‌ನ ಹೆಸರೆತ್ತದೆ ಎದ್ದುಹೋಗುವುದಿಲ್ಲ. ಅಮೆರಿಕದ ಆ ಪತ್ರಿಕಾ ಸಂಪಾದಕ 1964ರಲ್ಲಿ ಕೀಲುಗಳ ಭೀಕರ ನೋವಿನಿಂದ ಮಲಗಿದ್ದ. ಹಾಸ್ಯದ ಸಿನಿಮಾ ನೋಡಿ ಹತ್ತು ನಿಮಿಷ ಹೊಟ್ಟೆ ತುಂಬ ನಕ್ಕರೆ ಎರಡು ಗಂಟೆ ನೋವಿಲ್ಲದ ನಿದ್ದೆ ಬರುತ್ತಿತ್ತೆಂದು ಅವನು ಬರೆದ. 1979ರಲ್ಲಿ ಅದು ಪುಸ್ತಕವಾಗಿ ಜಗತ್ತೆಲ್ಲ ಓದಿತು. ಆದರೆ ಅದೇ ಪುಸ್ತಕದಲ್ಲಿ ಅವನು ರಕ್ತನಾಳದ ಮೂಲಕ ಭಾರಿ ಪ್ರಮಾಣದಲ್ಲಿ ಸಿ ಜೀವಸತ್ವ ಹಾಕಿಸಿಕೊಂಡದ್ದೂ, ಆಸ್ಪತ್ರೆ ಬಿಟ್ಟು ಹೋಟೆಲ್ಲಿಗೆ ವಾಸ ಬದಲಿಸಿದ್ದೂ ಇವೆ. ಜನಕ್ಕೆ ನೆನಪಿರುವುದು ನಗು ಮಾತ್ರ; ಹೋಟೆಲ್ ವಾಸವನ್ನು ಯಾವ ಅಳಿಯನೂ ಮಾವನಿಗೆ ಸೂಚಿಸಿದ್ದು ಕೇಳಿಲ್ಲ. 2011ರಲ್ಲಿ ಆಕ್ಸ್‌ಫರ್ಡಿನ ರಾಬಿನ್ ಡನ್‌ಬಾರ್ ಮತ್ತು ಸಂಗಡಿಗರು ಪ್ರಕಟಿಸಿದ ಪ್ರಯೋಗಗಳು ಇನ್ನೂ ಸ್ವಲ್ಪ ಗಟ್ಟಿ: ಜೊತೆಯಲ್ಲಿ ಕೂತು ಮನಸಾರೆ ನಕ್ಕವರು ನಕ್ಕ ಮೇಲೆ ಹೆಚ್ಚು ನೋವು ತಡೆದುಕೊಂಡರು. ಅಲ್ಲಿಯೂ ಹೆಚ್ಚಿದ್ದು ನೋವು ತಾಳುವ ಶಕ್ತಿ. ಕಟ್ಟಿಕೊಂಡ ರಕ್ತನಾಳವೊಂದು ನಗುವಿಗೆ ಬಿಟ್ಟುಕೊಂಡ ದಾಖಲೆ ಅದರಲ್ಲಿಲ್ಲ. ನಮ್ಮವರದೇ ಸಾಕ್ಷಿ ಬೇಕೆಂದರೆ ರಾಶಿ ಇದ್ದಾರೆ. ಆ ಹೆಸರಿನಲ್ಲಿ ಬರೆದ ಡಾ. ಎಂ. ಶಿವರಾಂ ವೃತ್ತಿಯಿಂದ ವೈದ್ಯರು. 1942ರಲ್ಲಿ ‘ಕೊರವಂಜಿ’ ಎಂಬ ನಗೆ ಪತ್ರಿಕೆ ಶುರುಮಾಡಿ 25 ವರ್ಷ ಕನ್ನಡಿಗರನ್ನು ನಗಿಸಿದರು. ನಗು ನಿಜಕ್ಕೂ ಮದ್ದಾಗಿದ್ದರೆ ಅವರಿಗೆ ಒಂದು ಕಸುಬು ಸಾಕಾಗಿತ್ತು. ಅವರು ಸ್ಟೆತಾಸ್ಕೋಪನ್ನೂ ಇಟ್ಟುಕೊಂಡರು, ಪತ್ರಿಕೆಯನ್ನೂ ಇಟ್ಟುಕೊಂಡರು.

ಹಾಗಾದರೆ ಚೇತರಿಸಿಕೊಳ್ಳುತ್ತಿರುವ ಹಾಸ್ಯಸಾಹಿತಿ ದಿಂಬು ಅಪ್ಪಿಕೊಂಡಾದರೂ ತಮಾಷೆ ಮಾಡುವುದೇಕೆ? ಅವರ ಸ್ಥಿತಿಯನ್ನು ನೋಡಿ. ಭಾರ ಎತ್ತುವಂತಿಲ್ಲ, ಕೈ ಊರಿ ಮಂಚದಿಂದ ಏಳುವಂತಿಲ್ಲ. ನಿನ್ನೆಯವರೆಗೆ ಮನೆಯ ಯಜಮಾನ. ಇವತ್ತು ಬನಿಯನ್ ತೊಡಿಸಲು ಮಗ, ಬೆನ್ನು ಒರೆಸಲು ಹೆಂಡತಿ, ಮಾತ್ರೆಯ ಡಬ್ಬಿಯಲ್ಲಿ ಬೆಳಿಗ್ಗೆ ಮಧ್ಯಾಹ್ನ ರಾತ್ರಿ ಎಂದು ಚೀಟಿ ಅಂಟಿಸಲು ಸೊಸೆ. ರಕ್ತ ಕೊಟ್ಟವರು ಮಗನ ಆಫೀಸಿನ ಹುಡುಗರು, ಇವರು ಅವರ ಮುಖವನ್ನೂ ನೋಡಿಲ್ಲ. ಮುಂಗಡ ಕಟ್ಟಿದ್ದು ಆ ಸ್ಕೂಟರಿನ ಭಾವಮೈದುನ, ಯಾರ ಮೇಲೆ ಹದಿನಾಲ್ಕು ಲೇಖನ ಬರೆದಿದ್ದರೋ ಅವನೇ. ಇಷ್ಟು ಜನರಿಗೆ “ನಿಮ್ಮ ಉಪಕಾರ ಮರೆಯೋಲ್ಲ” ಎಂದು ಗಂಭೀರವಾಗಿ ಹೇಳಿ ನೋಡಿ. ಹೇಳಿದವನಿಗೂ ಕೇಳಿಸಿಕೊಂಡವನಿಗೂ ಮೈ ಹಿಡಿಯಾಗುತ್ತದೆ. ನಮ್ಮ ಕಡೆ ಮನೆಯವರಿಗೆ ಥ್ಯಾಂಕ್ಸ್ ಹೇಳುವ ಪದ್ಧತಿಯೇ ಇಲ್ಲ, ಹೇಳಿದರೆ ಪರಕೀಯ ಮಾಡಿದಂತೆ. ಸುಮ್ಮನಿದ್ದರೆ ಕೃತಘ್ನತೆ, ಬಾಯಿಬಿಟ್ಟರೆ ನಾಟಕ. ನಮ್ಮ ಸಾಹಿತಿ ಮೂರನೆಯ ದಾರಿ ಹಿಡಿಯುತ್ತಾರೆ. “ನನ್ನ ಹೃದಯದಲ್ಲಿ ಈಗ ಮೊದಲಿದ್ದದ್ದೇನೂ ಉಳಿದಿಲ್ಲ ಕಣೇ. ಡಾಕ್ಟ್ರು ಕಾಲಿನ ರಕ್ತನಾಳ ತಂದು ಎದೆಗೆ ಹಾಕಿದಾರೆ. ಇನ್ನು ನಿನ್ನ ನೆನೆಸಿಕೊಂಡಾಗೆಲ್ಲ ಎದೆ ಬಡಕೊಳ್ಳೋದಿಲ್ಲ, ನಡೆಯೋಕೆ ಶುರುಮಾಡುತ್ತೆ” ಎನ್ನುತ್ತಾರೆ. “ಮಾತು ಸಾಕು, ಕಷಾಯ ಕುಡೀರಿ” ಎಂದು ಆಕೆ ಗದರುತ್ತಾರೆ. ಕೊಡುಕೊಳ್ಳುವಿಕೆ ಅಲ್ಲಿಗೆ ಮುಗಿಯಿತು. ಉಪಕಾರವನ್ನು ಒಪ್ಪಿಕೊಂಡದ್ದೂ ಆಯಿತು, ಇಬ್ಬರಲ್ಲಿ ಯಾರೂ ಕಣ್ಣೊರೆಸಿಕೊಳ್ಳುವ ಪ್ರಸಂಗ ಬರಲಿಲ್ಲ.

ಇದಕ್ಕೆ ಬರುವ ಮೊದಲ ಆಕ್ಷೇಪ ಹೆಂಗಸರ ಕಡೆಯದು, ಮತ್ತು ಅದು ಹಗುರವಾದದ್ದಲ್ಲ. ಮೂರು ತಿಂಗಳು ಆಕೆ ಉಪ್ಪು ಅಳೆದು ಹಾಕಿ, ಒಗ್ಗರಣೆಗೆ ಎಣ್ಣೆಯನ್ನು ಚಮಚದಲ್ಲಿ ಲೆಕ್ಕ ಹಾಕಿ, ಮನೆಮಂದಿಗೊಂದು ಸಾರು ಇವರಿಗೊಂದು ಸಾರು ಮಾಡಿ ದಣಿದಿರುವಾಗ, ಅದೇ ಸಾರಿನ ಮೇಲೆ ಈತ ಲೇಖನ ಬರೆದು ಗೌರವಧನ ತೆಗೆದುಕೊಳ್ಳುವುದೇ? ಹಾಸ್ಯ ಎಂದಾಗಲೆಲ್ಲ ಹೆಂಡತಿಯೇ ಏಕೆ ತಟ್ಟೆಗೆ ಬೀಳಬೇಕು? ಮೂವತ್ತು ವರ್ಷದ ಹಳೆಯ ಲೇಖನಗಳ ಮಟ್ಟಿಗೆ ಈ ಆಕ್ಷೇಪಕ್ಕೆ ನನ್ನಲ್ಲಿ ಉತ್ತರವಿಲ್ಲ. ಗಂಡಸರು ಬರೆದ ಗೃಹಹಾಸ್ಯದಲ್ಲಿ ಹೆಂಡತಿ ಎಂದರೆ ಲಟ್ಟಣಿಗೆ ಎಂದೇ ನಡೆದುಬಂದದ್ದು, ಟಿ. ಸುನಂದಮ್ಮ ‘ಕೊರವಂಜಿ’ಯಲ್ಲಿ ಬರೆಯತೊಡಗಿ ಅಡುಗೆಮನೆಯ ಒಳಗಿನಿಂದ ಗಂಡ ಎಂಬ ಪ್ರಾಣಿ ಹೇಗೆ ಕಾಣುತ್ತದೆಂದು ತೋರಿಸುವವರೆಗೆ ಆ ಲೆಕ್ಕ ಒಂದೇ ಕಡೆಗಿತ್ತು. ಆದರೆ ಕಾಯಿಲೆಯ ನಂತರದ ಲೇಖನಗಳನ್ನು ಮುಂದಿಟ್ಟುಕೊಂಡು ನೋಡಿದರೆ ಒಂದು ಬದಲಾವಣೆ ಕಾಣುತ್ತದೆ. ಸಾರಿನ ಮೇಲೆ ಬರೆದ ಲೇಖನದಲ್ಲಿ ನಗೆಪಾಟಲಾಗುವವರು ಸಾರು ಮಾಡಿದವರಲ್ಲ, ನಡುರಾತ್ರಿ ಫ್ರಿಜ್ಜಿನ ಬೆಳಕಿನಲ್ಲಿ ಮಾವಿನಮಿಡಿ ಉಪ್ಪಿನಕಾಯಿಯ ಭರಣಿಗೆ ಬೆರಳು ಅದ್ದಿ ಮೊಮ್ಮಗಳ ಕೈಗೆ ಸಿಕ್ಕಿಬಿದ್ದ ಯಜಮಾನರು. ಆ ಮೊಮ್ಮಗಳನ್ನು ಸುಮ್ಮನಿರಿಸಲು ಚಾಕಲೇಟಿನ ಒಪ್ಪಂದ ಮಾಡಿಕೊಂಡದ್ದು, ಮೂರನೆಯ ದಿನ ಅವಳು ದರ ಏರಿಸಿದ್ದು ಎಲ್ಲ ಅದರಲ್ಲಿದೆ. ಪಥ್ಯ ಮಾಡುವವನು ಮನೆಯ ಅತ್ಯಂತ ಕಿರಿಯ ಸದಸ್ಯ; ಅವನಿಗಿಂತ ಕೆಳಗೆ ನಗಲು ಯಾರೂ ಉಳಿದಿರುವುದಿಲ್ಲ. ಸದ್ಗುಣದಿಂದ ಬಂದ ಸುಧಾರಣೆಯಲ್ಲ ಇದು, ನಿರ್ವಾಹವಿಲ್ಲದೆ ಬಂದದ್ದು. ಆದರೂ ಬಂತಲ್ಲ.

ದೇವರ ವಿಚಾರಕ್ಕೆ ಬಂದರೆ ಋಣದ ಲೆಕ್ಕ ಇನ್ನೂ ತೊಡಕು. ಹಾಸ್ಯಸಾಹಿತಿಗಳು ಸಾಮಾನ್ಯವಾಗಿ ಅರೆಭಕ್ತರು. ಸಂಕಷ್ಟಿಗೆ ಉಪವಾಸ ಮಾಡುವುದಿಲ್ಲ, ರಾತ್ರಿಯ ಕಡುಬು ಬಿಡುವುದಿಲ್ಲ. ಆಪರೇಷನ್ ಥಿಯೇಟರಿನ ಬಾಗಿಲು ಮುಚ್ಚಿ ಇವರು ಅರಿವಳಿಕೆಯಲ್ಲಿದ್ದ ಐದಾರು ಗಂಟೆಯಲ್ಲಿ ಹೊರಗಿನ ಬೆಂಚಿನ ಮೇಲೆ ಇವರ ಹೆಸರಿನಲ್ಲಿ ಭಾರಿ ವ್ಯವಹಾರಗಳು ನಡೆದುಹೋಗಿರುತ್ತವೆ. ಹೆಂಡತಿ ಧರ್ಮಸ್ಥಳಕ್ಕೆ ಬೆಲ್ಲದ ತುಲಾಭಾರ ಹೇಳಿಕೊಂಡಿರುತ್ತಾರೆ, ಅಕ್ಕ ತಿರುಪತಿಗೆ ಇವರ ಮುಡಿ, ಅತ್ತಿಗೆ ನಂಜನಗೂಡಿನಲ್ಲಿ ಉರುಳುಸೇವೆ. ನಂಜನಗೂಡನ್ನು ಆರಿಸಿದ್ದಕ್ಕೆ ಕಾರಣವೂ ಇದೆ: ಟಿಪ್ಪುವಿನ ಪಟ್ಟದಾನೆಯ ಕಣ್ಣು ಅಲ್ಲಿ ವಾಸಿಯಾಗಿ, ಸುಲ್ತಾನ ಶ್ರೀಕಂಠೇಶ್ವರನನ್ನು ಹಕೀಂ ನಂಜುಂಡ ಎಂದು ಕರೆದು ಪಚ್ಚೆಲಿಂಗ ಅರ್ಪಿಸಿದನೆಂಬ ಪ್ರತೀತಿ; ಅಂಥ ವೈದ್ಯನನ್ನು ಎರಡನೆಯ ಅಭಿಪ್ರಾಯಕ್ಕೆ ಬಿಡುವುದುಂಟೆ? ಎಚ್ಚರವಾದಾಗ ಸಾಹಿತಿಗಳು ಮೂರು ದೇವರಿಗೆ, ಒಬ್ಬ ಸರ್ಜನ್ನನಿಗೆ, ಒಂದು ವಿಮಾ ಕಂಪನಿಗೆ ಬಾಧ್ಯಸ್ಥರು. ತೀರಿಸುವುದರಲ್ಲಿ ತೊಡಕುಗಳೇಳುತ್ತವೆ. ಸೀಳಿದ ಎದೆಯಲ್ಲಿ ಉರುಳುವಂತಿಲ್ಲವೆಂದು ಡಾಕ್ಟರು ಹೇಳಿದ್ದರಿಂದ ಹರಕೆ ಭಾವಮೈದುನನಿಗೆ ವರ್ಗವಾಗುತ್ತದೆ. ತಿರುಪತಿಗೆ ಕೊಡಲು ತಲೆಯ ಮೇಲೆ ಇರುವುದೇ ಅಲ್ಪ. ತುಲಾಭಾರವನ್ನು ಹೇಳಿಕೊಂಡದ್ದು ಎಂಬತ್ತೆರಡು ಕಿಲೋ ಇದ್ದಾಗ, ಪಥ್ಯದಲ್ಲಿ ಇಳಿದು ಈಗ ಎಪ್ಪತ್ತೊಂದು. ವ್ಯತ್ಯಾಸದ ಹನ್ನೊಂದು ಕಿಲೋ ಬೆಲ್ಲ ಭಕ್ತನಿಗೆ ಉಳಿಯಿತೋ ದೇವರಿಗೆ ಬಾಕಿಯೋ ಎಂಬುದನ್ನು ಮನೆಯಲ್ಲಿ ಎರಡು ರಾತ್ರಿ ಚರ್ಚಿಸಲಾಗುತ್ತದೆ. ದೇವರ ಲೆಕ್ಕಕ್ಕೆ ಹೇಳಿಕೊಂಡ ದಿನದ ತೂಕವೇ ಪ್ರಮಾಣವೆಂದು ಹೆಂಡತಿ ತೀರ್ಪು ಕೊಡುತ್ತಾರೆ. ಹಾಗಾದರೆ ತಕ್ಕಡಿಯಲ್ಲಿ ಕೂರುವಾಗ ತಮ್ಮ ಸಮಗ್ರ ಹಾಸ್ಯಸಂಪುಟಗಳನ್ನು ತೊಡೆಯ ಮೇಲಿಟ್ಟುಕೊಂಡರೆ ಸರಿಹೋಗುತ್ತದೆಂದು ಇವರು ಸಲಹೆ ಕೊಡುತ್ತಾರೆ.

ಇಲ್ಲಿ ಎರಡು ಕಡೆಯಿಂದ ಏಟು ಬೀಳುತ್ತದೆ. ದೇವರಲ್ಲಿ ನಂಬಿಕೆ ಇದ್ದಿದ್ದರೆ ಹೀಗೆ ಹಗುರವಾಗಿ ಮಾತಾಡುತ್ತಿದ್ದರೇ ಎಂದು ಆಸ್ತಿಕರು ಕೇಳುತ್ತಾರೆ. ನಂಬಿಕೆ ಇಲ್ಲದಿದ್ದರೆ ತಕ್ಕಡಿಯಲ್ಲಿ ಕೂತದ್ದೇಕೆ ಎಂದು ವಿಚಾರವಾದಿಗಳು ಕೇಳುತ್ತಾರೆ. ಆಸ್ತಿಕರು ತಮ್ಮ ಭಜನೆಯ ಪುಸ್ತಕವನ್ನು ಇನ್ನೊಮ್ಮೆ ತೆರೆಯುವುದು ಒಳ್ಳೆಯದು. ಹರಿದಾಸರು ನಿಂದಾಸ್ತುತಿ ಎಂಬ ಪ್ರಕಾರವನ್ನೇ ಬೆಳೆಸಿದರು. ದೇವರನ್ನು ಕಳ್ಳನೆಂದು, ಕಪಟಿಯೆಂದು ಬೈಯುತ್ತಲೇ ಹೊಗಳಿದರು, ಅದನ್ನು ಐನೂರು ವರ್ಷದಿಂದ ತಾಳ ತಟ್ಟಿ ಹಾಡುತ್ತಿದ್ದೇವೆ. ಸಲುಗೆ ಇದ್ದ ಕಡೆಯೇ ತಮಾಷೆ ಹುಟ್ಟುವುದು. ಪರಿಚಯವಿಲ್ಲದ ದೇವರನ್ನು ಯಾರೂ ಗೇಲಿ ಮಾಡುವುದಿಲ್ಲ. ವಿಚಾರವಾದಿಗಳ ಪ್ರಶ್ನೆ ಹೆಚ್ಚು ಗಟ್ಟಿ. ಅವರು ನಾ. ಕಸ್ತೂರಿಯವರನ್ನು ಎತ್ತಿ ತೋರಿಸಬಹುದು: ‘ಅನರ್ಥಕೋಶ’ ಬರೆದು ಎಲ್ಲದರ ಗಾಳಿ ಬಿಟ್ಟ ಆ ಮಹಾ ವಿನೋದಿ ಮುಂದೆ ಪುಟ್ಟಪರ್ತಿಗೆ ಹೋಗಿ ಸತ್ಯಸಾಯಿಬಾಬಾರ ಜೀವನಚರಿತ್ರೆ ಬರೆದರು. ಭಕ್ತಿ ಬಂದರೆ ಹಾಸ್ಯ ಹೊರಟುಹೋಗುತ್ತದೆ ಎನ್ನುವುದಕ್ಕೆ ಅದು ದೃಷ್ಟಾಂತವೆಂದು ಅವರ ವಾದ. ಕಸ್ತೂರಿಯವರು ಎಲ್ಲವನ್ನೂ ಬಿಟ್ಟು ಹೋಗಬಲ್ಲ ಧೈರ್ಯವಿದ್ದವರು. ನಮ್ಮ ಬಡಾವಣೆಯ ಸಾಹಿತಿ ಅಷ್ಟು ದೂರ ಹೋಗುವವರಲ್ಲ, ಧರ್ಮಸ್ಥಳಕ್ಕೆ ಹೋಗಿ ಮರುದಿನ ಬರುವವರು. ಅವರು ತಕ್ಕಡಿಯಲ್ಲಿ ಕೂತದ್ದಕ್ಕೆ ದೇವರಷ್ಟೇ ಕಾರಣವಲ್ಲ. ಆ ಬೆಂಚಿನ ಮೇಲೆ ಏನೂ ಮಾಡಲು ತೋಚದೆ ಕೂತಿದ್ದ ಹೆಂಗಸು ಆ ಹೊತ್ತಿಗೆ ತನ್ನಿಂದ ಆಗುವುದೊಂದನ್ನು ಮಾಡಿದ್ದರು. ಅದನ್ನು ಮೂಢನಂಬಿಕೆ ಎಂದು ತಳ್ಳಿಹಾಕಿದರೆ ಆಕೆಯ ಆ ಐದಾರು ಗಂಟೆಯನ್ನೇ ತಳ್ಳಿಹಾಕಿದಂತೆ. ಕೂತರೆ ತನ್ನ ವಿಚಾರವಂತಿಕೆಗೆ ಪೆಟ್ಟು. ತಮಾಷೆ ಮಾಡಿಕೊಂಡು ಕೂತರೆ ಎರಡೂ ಉಳಿಯುತ್ತವೆ. ಇದು ಇಬ್ಬಗೆ ಎನ್ನುವವರು ಎನ್ನಲಿ. ಸಂಸಾರದಲ್ಲಿ ಇದಕ್ಕಿಂತ ದುಬಾರಿಯಾದ ಪ್ರಾಮಾಣಿಕತೆಗಳನ್ನು ಕಂಡಿದ್ದೇವೆ.

ಎಲ್ಲಕ್ಕಿಂತ ಕಷ್ಟದ ಆಕ್ಷೇಪವೊಂದು ಉಳಿದಿದೆ. ದೊಡ್ಡ ಹೃದಯ ಶಸ್ತ್ರಚಿಕಿತ್ಸೆಯ ನಂತರ ಹಲವರಿಗೆ ಮನಸ್ಸು ಕುಗ್ಗುತ್ತದೆ, ನಿದ್ದೆ ಕೆಡುತ್ತದೆ, ಕಾರಣವಿಲ್ಲದೆ ಅಳು ಬರುತ್ತದೆ. ಇದು ವೈದ್ಯರಿಗೆಲ್ಲ ತಿಳಿದ ಸಂಗತಿ. ಸದಾ ತಮಾಷೆ ಮಾಡುವವನ ಕುಗ್ಗುವಿಕೆಯನ್ನು ಯಾರು ಗುರುತಿಸುತ್ತಾರೆ? ಹಾಸ್ಯ ಅವನನ್ನು ಬಚ್ಚಿಡುವ ಪರದೆಯಾಗುವುದಿಲ್ಲವೇ? ಆಗುತ್ತದೆ. ಇದನ್ನು ಅಲ್ಲಗಳೆಯುವಂತಿಲ್ಲ. ರಾಶಿಯವರೇ ಇಷ್ಟೆಲ್ಲ ನಗಿಸಿಯೂ ಮನಸ್ಸಿನ ಬೇನೆಗಳನ್ನು ಕುರಿತು ‘ಮನಮಂಥನ’ ಬರೆದರು, ಅದಕ್ಕೆ 1976ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿಯೂ ಬಂತು. ನಗೆ ಪತ್ರಿಕೆ ನಡೆಸಿದ ವೈದ್ಯನಿಗೆ ಆ ಪುಸ್ತಕ ಬೇಕೆನಿಸಿತು ಎಂಬುದನ್ನು ‘ನಿಮ್ಮನ್ನ ಉಳಿಸಿದ್ದು ನಗುವೇ’ ಎನ್ನುವವರು ಯೋಚಿಸಬೇಕು. ನಗುವನ್ನು ಮದ್ದು ಎಂದು ಹೊಗಳಿದಷ್ಟೂ, ಒಂದು ಸಂಜೆ ನಗು ಬಾರದೆ ಗೋಡೆ ಕಡೆ ತಿರುಗಿ ಮಲಗಿದ ಹಾಸ್ಯಸಾಹಿತಿ ಮದ್ದು ತಪ್ಪಿಸಿದ ರೋಗಿಯಂತೆ ಬೈಸಿಕೊಳ್ಳುತ್ತಾರೆ. ಬಂದವರಿಗೆಲ್ಲ ಜೋಕು ಹೇಳಬೇಕೆಂಬುದೇ ಮಾತ್ರೆಗಳ ಜೊತೆ ಇನ್ನೊಂದು ಮಾತ್ರೆಯಾಗುತ್ತದೆ, ಊಟಕ್ಕೆ ಮೊದಲು, ಊಟವಾದ ಮೇಲೆ.

ಅದಕ್ಕೇ ಈ ಮನೆಯಲ್ಲಿ ಒಂದು ಏರ್ಪಾಡಿದೆ. ಕಾಯಿಲೆಯ ಮೇಲೆ ಬರೆದದ್ದೆಲ್ಲ ಮೊದಲು ಹೆಂಡತಿಯ ಕೈಗೆ ಹೋಗುತ್ತದೆ. ಸಾರು ಇರಬಹುದು, ಭರಣಿ ಇರಬಹುದು, ಬೆಲ್ಲದ ತಕರಾರು ಧಾರಾಳವಾಗಿ ಇರಬಹುದು. ಗೋಡೆ ಕಡೆ ತಿರುಗಿ ಮಲಗಿದ ಸಂಜೆಗಳನ್ನೂ ಬೆಂಚಿನ ಮೇಲಿನ ಐದಾರು ಗಂಟೆಯನ್ನೂ ಅವರು ಕೆಂಪು ಗೆರೆ ಎಳೆದು ತೆಗೆಯುತ್ತಾರೆ, ಕಾರಣ ಹೇಳುವುದಿಲ್ಲ. ಇವರೂ ಕೇಳುವುದಿಲ್ಲ. ಹಾಗೆ ತೆಗೆದಾಗ ವಿಶೇಷಾಂಕದ ಎರಡು ಪುಟಕ್ಕೆ ಅರ್ಧ ಕಾಲಂ ಕಡಿಮೆ ಬೀಳುತ್ತದೆ, ಸಂಪಾದಕರ ಫೋನು ಬರುತ್ತದೆ. ಆಗ ಬೀಗರ ಗೊರಕೆ ಇದ್ದೇ ಇದೆ. ಬೀಗರು ಕನ್ನಡ ಪತ್ರಿಕೆ ಓದುವವರಲ್ಲ.