ಹಿಸ್ಸಾ-ಬ್ರಹ್ಮಾಂಡ ಸಿದ್ಧಾಂತ: ಚಂದಕವಾಡಿಯ ಹೊಲವೊಂದರ ಸ್ವಸಾದೃಶ್ಯಮೂಲ ವಿವೇಚನೆ

1. ಪ್ರಸ್ತಾವನೆ

ವಿಶ್ವದ ವಸ್ತುಸ್ವರೂಪವು ಸ್ವಸಾದೃಶ್ಯಾತ್ಮಕ, ಪುನರಾವರ್ತನಶೀಲ ಭಗ್ನಸಂರಚನೆಯೆಂಬ ಪರಿಕಲ್ಪನೆಯನ್ನು ಚಂದಕವಾಡಿಯ ಕ್ಷೇತ್ರಕಾರ್ಯದ ಹಿನ್ನೆಲೆಯಲ್ಲಿ ಪರಾಮರ್ಶಿಸುವುದು ಪ್ರಸ್ತುತ ಪ್ರಬಂಧದ ಘನ ಉದ್ದೇಶ. ಕ್ಷೇತ್ರಕಾರ್ಯವೆಂದರೆ ಇಲ್ಲಿ ಹೊಲದ ಕೆಲಸವೇ.

ಇದಕ್ಕೆ ಪ್ರೇರಣೆ ಒಂದು ವಿಚಾರಸಂಕಿರಣ. ಅಲ್ಲಿ ವಿದ್ವಾಂಸರೊಬ್ಬರು ಹೂಕೋಸು, ಶಂಖ, ಗೋಪುರ, ನೀಹಾರಿಕೆಗಳನ್ನು ಪರದೆಯ ಮೇಲೆ ತೋರಿಸಿ 'ಎಲ್ಲವೂ ಒಂದೇ' ಎಂದು ಎರಡು ಗಂಟೆ ಸಾಧಿಸಿದರು. ಒಂದೇ ಆಗಿದ್ದರೆ ಒಂದನ್ನೇ ತೋರಿಸಿ ಊಟಕ್ಕೆ ಬಿಡಬಹುದಿತ್ತು.

2. ಪೂರ್ವಸೂರಿಗಳು

ತ್ರಿಕೋನದ ಪ್ರತಿ ಬದಿಯ ನಡುವೆ ಪುಟ್ಟ ತ್ರಿಕೋನ, ಅದರ ಬದಿಗಳಲ್ಲಿ ಮತ್ತೂ ಪುಟ್ಟದು, ಹೀಗೆ ಹುಟ್ಟಿಸುತ್ತ ಹೋದರೆ ಗಡಿ ಅನಂತವಾಗುತ್ತದೆ. ಒಳಗಿನ ಜಾಗ ಮಾತ್ರ ಮೊದಲಿನದರ 1.6 ಪಟ್ಟು ದಾಟದು. ಸ್ವೀಡನ್ನಿನ ಹೆಲ್ಗೆ ಫಾನ್ ಕಾಖ್ 1904ರಲ್ಲಿ ಕೊಟ್ಟ ರೇಖೆಯ ಮಹಿಮೆ ಇದು. 1967ರಲ್ಲಿ ಗಣಿತಜ್ಞ ಮ್ಯಾಂಡೆಲ್‌ಬ್ರಾಟ್, ಬ್ರಿಟನ್ನಿನ ಕರಾವಳಿ ಎಷ್ಟು ಉದ್ದವೆಂದು ಕೇಳಿ, ಅಳತೆಗೋಲು ಗಿಡ್ಡವಾದಷ್ಟೂ ಉದ್ದ ಬೆಳೆಯುತ್ತದೆ ಎಂದರು. 1975ರಲ್ಲಿ, 'ಒಡೆದದ್ದು' ಎಂಬರ್ಥದ ಲ್ಯಾಟಿನ್ ಪದದಿಂದ ಇಂಥ ಆಕೃತಿಗಳಿಗೆ 'ಫ್ರಾಕ್ಟಲ್' ಎಂಬ ಹೆಸರು ಕಟ್ಟಿದರು. ನಮ್ಮಲ್ಲಿ ಅಣ್ಣತಮ್ಮಂದಿರು ಬೇರೆಯಾದರೆ 'ಮನೆ ಒಡೆಯಿತು' ಎನ್ನುತ್ತೇವೆ. ಆದ್ದರಿಂದ ಪರಿಭಾಷೆ ಮೂಲತಃ ನಮ್ಮದೇ ಎಂಬುದು ನಿರ್ವಿವಾದ (ಚಪ್ಪಾಳೆ).

3. ವರ್ಗೀಕರಣ: ಸಪ್ತವಿಧ ಫ್ರಾಕ್ಟಲ್‌ಗಳು

ಅ) ಗೆಡ್ಡೆ ಫ್ರಾಕ್ಟಲ್: ಅರಿಸಿನದ ತಾಯಿಗೆಡ್ಡೆಯಿಂದ ಬೆರಳು, ಬೆರಳಿನಿಂದ ಮರಿಬೆರಳು.

ಆ) ಆಡಳಿತ ಫ್ರಾಕ್ಟಲ್: 1997ರಲ್ಲಿ ಮೈಸೂರು ಜಿಲ್ಲೆ ಒಡೆದು ಚಾಮರಾಜನಗರ ಜಿಲ್ಲೆ, ಅದರೊಳಗೆ ತಾಲ್ಲೂಕು, ತಾಲ್ಲೂಕಿನೊಳಗೆ ಚಂದಕವಾಡಿ ಹೋಬಳಿ. ಎಷ್ಟು ಒಳಹೊಕ್ಕರೂ ಅದೇ ಆಕೃತಿ: ಮೇಜು, ಮೊಹರು, 'ನಾಳೆ ಬನ್ನಿ'.

ಇ) ಹಿಸ್ಸಾ ಫ್ರಾಕ್ಟಲ್: ಸರ್ವೆ ನಂಬರ್ 100 ಇದ್ದದ್ದು 100/1, ಅದು 100/1ಎ, ಅದು 100/1ಎ2.

ಉಳಿದ ನಾಲ್ಕು ವಿಧಗಳು ಪದವಿಗೆ ಬೇಕು, ಹೊಲಕ್ಕೆ ಬೇಡ. ಬಿಟ್ಟಿದ್ದೇನೆ.

4. ಮೂಲ ಪ್ರಮೇಯ

ಚೌಕವಾದ ಒಂದು ಎಕರೆ ಹೊಲ, ಅಂದರೆ 40 ಗುಂಟೆ. ಗುಂಟೆಗೆ 33 ಅಡಿ ಚೌಕ. ಹೊಲದ ಒಂದು ಬದಿ ಸುಮಾರು 209 ಅಡಿ. ಮಕ್ಕಳು ನಾಲ್ವರು. ಎಲ್ಲರಿಗೂ ದಾರಿ ಬೇಕು, ಎಲ್ಲರಿಗೂ ಬಾವಿ ಬೇಕು. ಹಾಗಾಗಿ ಉದ್ದುದ್ದ ಪಟ್ಟಿ. ನಡುವೆ ಎರಡಡಿಯ ಮೂರು ಬದು: ಒಂದು ಗುಂಟೆಗೂ ಮಿಕ್ಕು ಹೋಯಿತು. ಮೊಮ್ಮಕ್ಕಳು 16, ಬದು 15: ಹತ್ತಿರ ಹತ್ತಿರ ಆರು ಗುಂಟೆ. ಮರಿಮಕ್ಕಳು 64, ಬದು 63: 24 ಗುಂಟೆ. ಒಬ್ಬೊಬ್ಬನಿಗೆ ಉಳುವ ನೆಲ ಉಳಿದದ್ದು ಹೆಚ್ಚುಕಡಿಮೆ ಒಂದೂಕಾಲು ಅಡಿ ಅಗಲ. ಕಾಖ್ ರೇಖೆಯ ಫ್ರಾಕ್ಟಲ್ ಆಯಾಮ 1.26, ಅದೂ ಒಂದೂಕಾಲೇ! ಇಷ್ಟು ಹೊಂದಿದರೆ ಸಾಕು, ವಿದ್ವಾಂಸರು ಬ್ರಹ್ಮಸಾಕ್ಷಾತ್ಕಾರವನ್ನೇ ಘೋಷಿಸುತ್ತಾರೆ. ಲೆಕ್ಕ ಕೇಳಿದ ನಮ್ಮಪ್ಪ ಘೋಷಿಸಿದ್ದು ಬೇರೆ: "ಒಂದೂಕಾಲಡೀಲಿ ಎತ್ತು ತಿರುಗ್ಸಕ್ಕಾದದಾ ಕೂಸೇ?"

5. ಸಮಾರೋಪ

ಪರಿಭಾಷೆ ಇಲ್ಲಿಗೆ ಸಾಕು. ನಮ್ಮ ಪಹಣಿಯಲ್ಲಿ ನಾಲ್ಕು ಮನೆಯವರ ಹೆಸರಿದೆ. ಬೆಳೆಸಾಲ ಬೇಕೆಂದರೆ ನಾಲ್ಕೂ ಮನೆಯ ಸಹಿ ತನ್ನಿ ಎನ್ನುತ್ತಾರೆ. ಪಾಲು ಅಳೆದು ಬೇರೆ ಮಾಡಿಕೊಡುವ ಪೋಡಿಗೆ ಅರ್ಜಿ ಕೊಟ್ಟೆವು, ಅಳೆಯುವವರು ಬರಲಿಲ್ಲ. ನೀಹಾರಿಕೆಯನ್ನು ಅಳೆಯುವವರಿದ್ದಾರೆ, ನಮ್ಮ ಹೊಲ ಅಳೆಯಲು ಒಬ್ಬರೂ ಇಲ್ಲ! ಅಳತೆಯಿಲ್ಲದ ಬದುವನ್ನು ಉಳುಮೆಗೊಂದು ಗೇಣಿನಂತೆ ಆ ಕಡೆಯವರು ಕಡಿದರು; ಸುಳ್ಳೇಕೆ, ಈ ಕಡೆಯಿಂದ ನಾವೂ ಕಡಿದೆವು. ಈಗ ಚಿಕ್ಕಪ್ಪನ ಮಕ್ಕಳು ನಮ್ಮನ್ನು ಕಂಡರೆ ತಲೆ ತಗ್ಗಿಸಿಕೊಂಡು ಹೋಗುತ್ತಾರೆ. ಹಬ್ಬದ ದಿನ ಒಂದೇ ಒಲೆಯಲ್ಲಿ ಬೇಯುತ್ತಿದ್ದದ್ದು ಈಗ ನಾಲ್ಕು ಒಲೆಯಲ್ಲಿ ಬೇಯುತ್ತದೆ, ನಾಲ್ಕರಲ್ಲೂ ನಮ್ಮಜ್ಜಿ ಕಲಿಸಿದ ಅದೇ ಸಾರು. ಸ್ವಸಾದೃಶ್ಯ ಎಂದರೇನೆಂದು ನನಗೆ ಅರ್ಥವಾದದ್ದು ಆ ವಾಸನೆಯಿಂದ, ಸಂಕಿರಣದಿಂದಲ್ಲ.

ಗಣಿತದ ಗೆರೆಗೆ ಅಗಲವಿಲ್ಲ, ಎಷ್ಟು ಬೇಕಾದರೂ ಎಳೆಯಬಹುದು. ಹೊಲದ ಗೆರೆ ಎರಡಡಿ ಅಗಲ. ಅಲ್ಲಿ ಅರಿಸಿನ ಬೆಳೆಯುವುದಿಲ್ಲ. ಪಾಲಾಗಲು ಹೊರಟಿರುವ ಅಣ್ಣತಮ್ಮಂದಿರೇ, ನಿಮ್ಮ ಪಾಲನ್ನು ಕಾಗದದಲ್ಲಿ ಬರೆಸಿಕೊಳ್ಳಿ, ಬದು ಮಾತ್ರ ಹಾಕಬೇಡಿ. ಒಟ್ಟಿಗೆ ಉತ್ತು, ಬೆಳೆದದ್ದನ್ನು ತೂಗಿ ಹಂಚಿಕೊಳ್ಳಿ.