ತುಲಾಭಾರದ ತಕ್ಕಡಿ ಸುಳ್ಳು ಹೇಳದು

ಕುಂಭಾಶಿಯಲ್ಲಿ ಈಗ ಎಲ್ಲರಿಗೂ ಬೇಕಾಗಿರುವುದು ಸ್ಫೂರ್ತಿ. ಕಾಲಿದೆ, ಶೂ ಇದೆ, ದಿನಕ್ಕೆ ಹತ್ತು ಸಾವಿರ ಹೆಜ್ಜೆ ಹಾಕೆಂದು ಕೈಯಲ್ಲಿ ಗುರ್ರೆನ್ನುವ ಗಡಿಯಾರವೂ ಇದೆ. ಈ ಹತ್ತು ಸಾವಿರವನ್ನು ಯಾವ ಋಷಿಯೂ ತಪಸ್ಸು ಮಾಡಿ ಕಂಡದ್ದಲ್ಲ. 1965ರಲ್ಲಿ ಜಪಾನಿನ ಕಂಪನಿಯೊಂದು ಹೆಜ್ಜೆ ಎಣಿಸುವ ಯಂತ್ರ ಮಾರಲು ಹಿಡಿದ ದುಂಡು ಸಂಖ್ಯೆ. ವಿಶ್ವ ಆರೋಗ್ಯ ಸಂಸ್ಥೆ ಕೇಳುವುದು ವಾರಕ್ಕೆ ಕನಿಷ್ಠ 150 ನಿಮಿಷ ಮೈ ಬಿಸಿಯಾಗುವಷ್ಟು ಚಟುವಟಿಕೆ. ಅದಕ್ಕೂ ನಮಗೆ ಮುಹೂರ್ತ ಕೂಡಿಬರದು. ಮಳೆಗಾಲದಲ್ಲಿ ಮಳೆ, ಬೇಸಗೆಯಲ್ಲಿ ಸೆಕೆ, ನಡುವೆ ರಾತ್ರಿಯಿಡೀ ಯಕ್ಷಗಾನದ ಆಟ ನೋಡಿದ ನಿದ್ದೆ.

ಸ್ಫೂರ್ತಿ ಉಕ್ಕುವುದು ಆಸಾಡಿ ಅಮಾವಾಸ್ಯೆಗೆ, ಕುಂದಾಪ್ರ ಕನ್ನಡ ದಿನದಂದು. ಕೆಸರುಗದ್ದೆಯಲ್ಲಿ ಪಂಚೆ ಎತ್ತಿಕಟ್ಟಿ ಓಡುವವರ ಪೈಕಿ ಎಷ್ಟು ಮಂದಿಯ ಸ್ವಂತ ಗದ್ದೆ ಹಡಿಲು ಬಿದ್ದಿದೆ ಎಂದು ಕೇಳಬಾರದು. ನಟ್ಟಿಗೆ ಬಗ್ಗದ ಸೊಂಟ ಹಗ್ಗಜಗ್ಗಾಟಕ್ಕೆ ಬಗ್ಗುತ್ತದೆ. ನಟ್ಟಿಗೆ ಟ್ರೋಫಿ ಇಲ್ಲವಲ್ಲ!

ಇನ್ನು ನಮ್ಮೂರ ಗಣಪತಿಯ ಗುಡಿ ಆನೆಗುಡ್ಡೆಗೆ ಬನ್ನಿ. ಗಣಪತಿ ಕೊಟ್ಟ ಕತ್ತಿಯಿಂದ ಭೀಮ ಕುಂಭಾಸುರನನ್ನು ಕೊಂದದ್ದು ಇಲ್ಲೇ ಎನ್ನುತ್ತದೆ ಸ್ಥಳಪುರಾಣ. ಇಂದಿನ ಭೀಮರಿಗೆ ಹೆದ್ದಾರಿಯಿಂದ ಆ ಸಣ್ಣ ಏರು ಹತ್ತಲೂ ಕಾರು ಬೇಕು. ಪಾರ್ಕಿಂಗ್ ಹುಡುಕುತ್ತ ಹಾಕುವ ಸುತ್ತೇ ಪ್ರದಕ್ಷಿಣೆ. ಒಳಗೆ ಹೋಗಿ ಬೇಡುವುದು, "ದೇವ್ರೇ, ಗಂಟುನೋವು ಗುಣ ಮಾಡು, ತುಲಾಭಾರ ಕೊಡ್ತೆ."

ಹರಕೆ ಸಂದ ದಿನ ನೋಡಬೇಕು. ಒಂದು ತಟ್ಟೆಯಲ್ಲಿ ಭಕ್ತ, ಇನ್ನೊಂದರಲ್ಲಿ ತೆಂಗಿನಕಾಯಿ. ಕಾಯಿ ಏರುತ್ತದೆ, ಭಕ್ತ ಅಲುಗುವುದಿಲ್ಲ. ಇನ್ನಷ್ಟು ಕಾಯಿ. ಹೆಂಡತಿ ಮೊಬೈಲ್ ಹಿಡಿದು ನಿಂತೇ ಇದ್ದಾಳೆ. ಕೊನೆಗೆ ಒಂದು ಬೆಲ್ಲದಚ್ಚು ಸೇರಿಸಿದ ಮೇಲೆ ಆಸಾಮಿಯ ಕಾಲು ನೆಲ ಬಿಡುತ್ತದೆ. ಕಾಯಿ ಹೊತ್ತವನಿಗೆ ವ್ಯಾಯಾಮ, ಕೂತವನಿಗೆ ಪುಣ್ಯ. ಚಪ್ಪಾಳೆ ತಟ್ಟಿದವರೆಲ್ಲ ನೇರ ಅನ್ನಪ್ರಸಾದದ ಸಾಲಿಗೆ. ಡಾಕ್ಟರು ತೂಕ ಹೇಳಿದರೆ ಮುಖ ಸಿಂಡರಿಸುವವರು ಇಲ್ಲಿ ಅದಕ್ಕೆ ರಶೀದಿ ಮಾಡಿಸುತ್ತಾರೆ.

ಗುಡ್ಡೆಯ ಕೆಳಗೆ ಹುಲ್ಲಿನ ಹೊರೆ ಹೊತ್ತು ಬರುತ್ತಿದ್ದ ಅಜ್ಜಿಯನ್ನು, "ಹ್ವಾಯ್ ಅಮ್ಮ, ಈ ಪ್ರಾಯದಲ್ಲೂ ಹೇಗೆ ಮನಸ್ಸು ಬರ್ತದೆ?" ಎಂದು ಕೇಳಿದೆ. ಹೊರೆ ಇಳಿಸದೆಯೇ ಹೇಳಿದರು: "ಮನ್ಸ್ ಎಂತಕ್ಕೆ? ಗಂಟಿಗ್ ಹುಲ್ ಯಾರ್ ತತ್ರ್?"

ನಮಗೆ ಗಂಟಿಯೂ ಇಲ್ಲ, ಹಟ್ಟಿಯೂ ಇಲ್ಲ. ಹಟ್ಟಿ ಇದ್ದ ಜಾಗದಲ್ಲಿ ಕಾರು ನಿಂತಿದೆ. ಆದ್ದರಿಂದ ಇಷ್ಟೇ ವಿನಂತಿ. ಮುಂದಿನ ಸಂಕಷ್ಟಿಗೆ ಕಾರು ಕೆಳಗೇ ಇರಲಿ, ಹತ್ತಿಕೊಂಡು ಬನ್ನಿ. ತುಲಾಭಾರ ಆಗಲೇಬೇಕೆಂದಿದ್ದರೆ ಕಾಯಿ ನೀವೇ ಹೊತ್ತು ತನ್ನಿ.