ಕುರ್ಚಿ ಜಪ್ತಿಯಾಗುವವರೆಗೆ

ವಾಸ್ಕೋದ ಮಂಗೋರ್ ಹಿಲ್ ಗೋವಾದಲ್ಲಿದೆ ಎಂಬುದು ನಕ್ಷೆ ನೋಡಿದವರ ಮಾತು. ಓಣಿಯಲ್ಲಿ ನಿಂತು ಕಿವಿಗೊಟ್ಟರೆ ಬಾಗಲಕೋಟೆ, ವಿಜಯಪುರ, ಗದಗ, ಕೊಪ್ಪಳ ಎಲ್ಲ ಒಂದೇ ನಳದ ಮುಂದೆ ಕೊಡ ಹಿಡಿದು ಜಗಳಾಡುತ್ತಿರುತ್ತವೆ. ಅಲ್ಲೊಬ್ಬ ಕಾಕಾನನ್ನು ಕಲ್ಪಿಸಿಕೊಳ್ಳಿ. ಊರ ಹೊಲವನ್ನು ಆಲಮಟ್ಟಿ ಹಿನ್ನೀರಿಗೆ ಒಪ್ಪಿಸಿ, ಇಲ್ಲಿ ಗಾರೆ ಕೆಲಸಕ್ಕೆ ಹೋಗುತ್ತಿರುವ ಮುಳುಗಡೆ ಸಂತ್ರಸ್ತ. ಅವನ ಹೊಲಕ್ಕೆ ನ್ಯಾಯವಾದ ಬೆಲೆ ಎಷ್ಟು? ಸರಳ ಪ್ರಶ್ನೆ. 1894ರ ಭೂಸ್ವಾಧೀನ ಕಾಯ್ದೆಯಿಂದ ಈಚೆಗೆ ಇದಕ್ಕೆ ಉತ್ತರ ಹುಡುಕಿ ಬದುಕು ಕಟ್ಟಿಕೊಂಡ ವಕೀಲರಿಗೆ ಲೆಕ್ಕವಿಲ್ಲ.

ಸ್ವಂತ ಮನಸ್ಸಿನಿಂದ ಮಾರುವವನಿಗೆ, ಸ್ವಂತ ಮನಸ್ಸಿನಿಂದ ಕೊಳ್ಳುವವನು ಎಷ್ಟು ಕೊಡುತ್ತಾನೋ ಅದೇ ಮಾರುಕಟ್ಟೆ ಬೆಲೆ ಎಂದು ನ್ಯಾಯಾಲಯಗಳು ಹೇಳಿವೆ. ಇಲ್ಲಿ ಮಾರುವವನಿಗೆ ಮನಸ್ಸಿಲ್ಲ, ಕೊಳ್ಳುವವರ ಹತ್ತಿರ ಪೊಲೀಸರಿದ್ದಾರೆ. ಅಷ್ಟು ಬಿಟ್ಟರೆ ವ್ಯವಹಾರವೆಲ್ಲ ಮನಸಾರೆ ನಡೆದದ್ದೇ.

ಆ ಬೆಲೆಯನ್ನು ಅಕ್ಕಪಕ್ಕದ ಖರೀದಿ ಪತ್ರಗಳಲ್ಲಿ ಹುಡುಕಬೇಕಂತೆ. ಖರೀದಿ ಪತ್ರ ಹೇಗೆ ತಯಾರಾಗುತ್ತದೆಂದು ಗೊತ್ತಿಲ್ಲದವರು ಕರ್ನಾಟಕದಲ್ಲಿ ಯಾರಿದ್ದಾರೆ? ಸಬ್‌ರಿಜಿಸ್ಟ್ರಾರ್ ಕಚೇರಿ ಎದುರಿನ ಪತ್ರ ಬರಹಗಾರ ಕನ್ನಡಕ ಏರಿಸಿ, “ಎಷ್ಟು ಹಾಕ್ಲಿರೀ?” ಅನ್ನುತ್ತಾನೆ. ಎಷ್ಟಕ್ಕೆ ಕೊಂಡಿರಿ ಎಂದು ಅಪ್ಪಿತಪ್ಪಿಯೂ ಕೇಳುವುದಿಲ್ಲ, ಮರ್ಯಾದಸ್ಥ. ಹತ್ತು ಲಕ್ಷದ ಹೊಲ ಮುದ್ರಾಂಕ ಶುಲ್ಕಕ್ಕೆ ಹೆದರಿ ಕಾಗದದಲ್ಲಿ ಎರಡು ಲಕ್ಷಕ್ಕೆ ಕುಗ್ಗುತ್ತದೆ. ಮಿಕ್ಕ ಎಂಟು, ಚಹಾದಂಗಡಿಯ ಹಿಂದೆ ಒಂದು ಕೈಚೀಲದಿಂದ ಇನ್ನೊಂದಕ್ಕೆ ದಾಟುತ್ತದೆ. ಕೊಂಡವನು ಖುಷಿ, ಮಾರಿದವನು ಖುಷಿ, ಬರಹಗಾರನಿಗೂ ಎರಡು ಕಾಸು. ವರ್ಷ ಕಳೆದ ಮೇಲೆ ಕಾಲುವೆಯೋ ಹಿನ್ನೀರೋ ಬರುತ್ತದೆ. ಭೂಸ್ವಾಧೀನಾಧಿಕಾರಿ ಅದೇ ಪತ್ರವನ್ನು ಎತ್ತಿ ಹಿಡಿದು, “ನಿಮ್ಮೂರವರೇ ಬರೆಸಿದ್ದಲ್ಲೇನ್ರೀ?” ಎನ್ನುತ್ತಾರೆ. ಕಾಕಾ ಯಾವ ಹೊಲವನ್ನೂ ಕೊಂಡವನಲ್ಲ, ಮಾರಿದವನೂ ಅಲ್ಲ. ಊರವರು ಉಳಿಸಿದ ಮುದ್ರಾಂಕ ಶುಲ್ಕವನ್ನೆಲ್ಲ ತೀರಿಸುವ ಭಾಗ್ಯ ಮಾತ್ರ ಅವನದು.

2014ರ ಜನವರಿ 1ರಿಂದ ಹೊಸ ಕಾಯ್ದೆ ಬಂತು. ಮೂರು ವರ್ಷದ ಪತ್ರಗಳಲ್ಲಿ ಹೆಚ್ಚು ಬೆಲೆ ನಮೂದಾದ ಅರ್ಧದಷ್ಟನ್ನು ಆರಿಸಿ ಸರಾಸರಿ ತೆಗೆಯಬೇಕು. ಹಳ್ಳಿಯಾದರೆ ಅದನ್ನು ಎರಡರವರೆಗೆ ಗುಣಿಸಬೇಕು. ಬಂದದ್ದಕ್ಕೆ ಅಷ್ಟೇ ಮೊತ್ತದ ಸಾಂತ್ವನ ಧನ ಸೇರಿಸಬೇಕು. ಸುಳ್ಳನ್ನು ನಾಲ್ಕರಿಂದ ಗುಣಿಸಿದರೆ ಸತ್ಯದ ಹತ್ತಿರ ಹೋಗಬಹುದೆಂದು ಒಂದು ದೇಶದ ಸಂಸತ್ತು ಒಪ್ಪಿಕೊಂಡ ಪ್ರಾಮಾಣಿಕತೆಗೆ ಮೆಚ್ಚಲೇಬೇಕು.

ಇಷ್ಟೆಲ್ಲ ಗುಣಾಕಾರದ ನಂತರವೂ ಆಲಮಟ್ಟಿಯಲ್ಲಿ ಲೆಕ್ಕ ತಾಳೆಯಾಗಲಿಲ್ಲ. ಅಣೆಕಟ್ಟಿನ ನೀರು 519.6ರಿಂದ 524.256 ಮೀಟರಿಗೆ ಏರಬೇಕು. ನೀರಿನ ಮಟ್ಟ ಮಿಲಿಮೀಟರಿನವರೆಗೆ ಕರಾರುವಾಕ್ಕು. ಹೊಲದ ಬೆಲೆ ಬಂದಾಗ ರಾಜ್ಯ ಸಚಿವ ಸಂಪುಟ 2025ರ ಸೆಪ್ಟೆಂಬರಿನಲ್ಲಿ ಮುಳುಗಡೆಯಾಗುವ ನೀರಾವರಿ ಜಮೀನು ಎಕರೆಗೆ 40 ಲಕ್ಷ, ಒಣಬೇಸಾಯದ್ದು 30 ಲಕ್ಷ ಎಂದು ದುಂಡಗೆ ಹೇಳಿ ಎದ್ದಿತು. ಬೇಡ ಅನ್ನುವವರು ಯಾರು? ಈ ಸುದ್ದಿಯನ್ನು ಮಂಗೋರ್ ಹಿಲ್‌ನಲ್ಲಿ ಮೊಬೈಲಿನಲ್ಲಿ ನೋಡಿದ ಕಾಕಾನಿಗೆ ತಾನು ಮುಹೂರ್ತ ನೋಡದೆ ಅವಸರದಲ್ಲಿ ಮುಳುಗಿಬಿಟ್ಟೆ ಅನ್ನಿಸಿದರೆ ತಪ್ಪು ಅವನದೇ.

ಗೋವಾದಲ್ಲಂತೂ ಅವನ ವಿಷಯದಲ್ಲಿ ಇಂಥ ಗೊಂದಲವೇ ಇಲ್ಲ. ಹತ್ತಿರದ ಬೈನಾ ಕಡಲತೀರದಲ್ಲಿ 2004ರ ಜೂನ್‌ನಲ್ಲಿ, ಮಳೆಗಾಲ ನೋಡಿಯೇ, ಮನೆಗಳನ್ನು ಕೆಡವಿದರು. 2015ರ ಸೆಪ್ಟೆಂಬರಿನಲ್ಲಿ ಮತ್ತೆ ಬುಲ್ಡೋಜರ್ ಬಂತು. ಪಾತ್ರೆಪಗಡ ರಸ್ತೆಗೆ ಬಿದ್ದವರಲ್ಲಿ ಕನ್ನಡದವರು ಬಹಳ. ಸ್ವಾಧೀನವಾದರೆ ಬೆಲೆ ಕಟ್ಟಬೇಕು, ಗುಣಿಸಬೇಕು, ಸಾಂತ್ವನ ಹೇಳಬೇಕು. ಅತಿಕ್ರಮಣ ತೆರವಾದರೆ ಡೀಸೆಲ್ ಸಾಕು. ಕೃಷ್ಣೆಯ ದಂಡೆಯಲ್ಲಿ ಫೈಲಿನಲ್ಲಾದರೂ ಇದ್ದ ಮನುಷ್ಯ, ಕಡಲ ದಂಡೆಗೆ ಬರುವಷ್ಟರಲ್ಲಿ ಅದರಿಂದಲೂ ಹೊರಬಿದ್ದಿದ್ದ.

ಅದಕ್ಕೇ ಕಾಕಾ, ಹೊಲಕ್ಕೆ ಕಟ್ಟಿದ ಬೆಲೆ ಸಾಲದೆಂದು ಊರಲ್ಲಿ ಹೂಡಿದ್ದ ಕೇಸು ಬಿಡಲಿಲ್ಲ. ಪ್ರತಿ ತಾರೀಖಿಗೂ ಪಗಾರ ಕಳೆದುಕೊಂಡು ಹುಬ್ಬಳ್ಳಿ ಗಾಡಿ ಹತ್ತಿದ. ಕೋರ್ಟು ಬೆಲೆ ಏರಿಸಿತು. ಸರ್ಕಾರ ಕೊಡಲಿಲ್ಲ. ಹಳೆಯ ಕಾಯ್ದೆಯ ಪ್ರಕಾರ ಮೊದಲ ವರ್ಷ ಶೇ 9, ಆಮೇಲೆ ಶೇ 15 ಬಡ್ಡಿ. ಇಷ್ಟು ಬಡ್ಡಿ ಕೊಟ್ಟಾದರೂ ರೈತನಿಗೆ ಸಾಲಗಾರನಾಗಿ ಉಳಿಯುವ ಪ್ರೀತಿ ಸರ್ಕಾರಕ್ಕೆ ಬಿಟ್ಟರೆ ಯಾರಿಗಿದೆ? ಕೊನೆಗೆ ನಮ್ಮ ಜಿಲ್ಲೆಗಳ ಪತ್ರಿಕೆಗಳಲ್ಲಿ ಆಗಾಗ ಫೋಟೋ ಸಮೇತ ಬರುವ ಸುದ್ದಿಯೇ ಇಲ್ಲೂ ನಡೆಯಿತು. ಕೋರ್ಟಿನ ಅಮೀನರು ಉಪವಿಭಾಗಾಧಿಕಾರಿ ಕಚೇರಿಗೆ ಬಂದು ಕಂಪ್ಯೂಟರ್, ಪ್ರಿಂಟರ್, ಫ್ಯಾನು ಹೊರಗಿಟ್ಟರು. ಸಾಹೇಬರು ಕೂತಿದ್ದ ಕುರ್ಚಿಯ ಸರದಿ ಬಂತು. ಅಮೀನರು ಪಟ್ಟಿಯಲ್ಲಿ “ಹಳೆಯ ಕಟ್ಟಿಗೆ ಕುರ್ಚಿ, ಅಂದಾಜು ಮುನ್ನೂರು ರೂಪಾಯಿ” ಎಂದು ಬರೆಯುವಾಗ ಎದ್ದು ನಿಂತಿದ್ದ ಸಾಹೇಬರಿಗೆ ತಡೆಯಲಾಗಲಿಲ್ಲ.

“ಏನ್ರೀ ಇದು ಅನ್ಯಾಯ! ಸಾಗವಾನಿ ಐತಿ. ಮಾರ್ಕೆಟ್ಟಿನ್ಯಾಗ ಹೋಗಿ ಕೇಳ್ರಿ, ಎಷ್ಟೈತಿ ಅಂತ.”